ಶೈಕ್ಷಣಿಕ ಬರವಣಿಗೆಯಲ್ಲಿ ವಿಡಿಯೊ ಗೇಮ್‌ಗಳ ಉಲ್ಲೇಖ

ಶೈಕ್ಷಣಿಕ ಬರವಣಿಗೆಯಲ್ಲಿ ವಿಡಿಯೊ ಗೇಮ್‌ಗಳ ಉಲ್ಲೇಖ ಎಂದರೆ ಪ್ರಬಂಧ, ಯೋಜನಾ ವರದಿ, ಸಂಶೋಧನ ಲೇಖನ ಮೊದಲಾದ ಬರಹಗಳಲ್ಲಿ ಗಣಕಯಂತ್ರ, ಮೊಬೈಲ್ ಅಥವಾ ಕನ್ಸೋಲ್‌ಗಳಲ್ಲಿ ಆಡುವ ಆಟವೊಂದನ್ನು ಆಕರವಾಗಿ ಬಳಸಿ, ಓದುಗನು ಅದನ್ನು ಗುರುತಿಸಿ ಪರಿಶೀಲಿಸಲು ಬೇಕಾದ ವಿವರಗಳನ್ನು ಒದಗಿಸುವ ಕ್ರಮ. ಪುಸ್ತಕ, ಶಾಸನ, ಚಲನಚಿತ್ರಗಳಂತೆ ಆಟವನ್ನೂ ಉಲ್ಲೇಖಿಸಬಹುದು. ಆದರೆ ಆಟವು ಯಾವ ವಿಷಯಕ್ಕೆ ಸಾಕ್ಷ್ಯವಾಗಬಲ್ಲದು, ಯಾವುದಕ್ಕೆ ಆಗಲಾರದು ಎಂಬುದನ್ನು ಮೊದಲು ನಿರ್ಧರಿಸಿಕೊಳ್ಳಬೇಕಾಗುತ್ತದೆ. ಈ ಲೇಖನವು ಆ ವಿವೇಚನೆಯನ್ನೂ ಉಲ್ಲೇಖದ ಕ್ರಮವನ್ನೂ ಚಿತ್ರದುರ್ಗ ಜಿಲ್ಲೆಯ ಉದಾಹರಣೆಗಳೊಂದಿಗೆ ವಿವರಿಸುತ್ತದೆ.

ಹಿನ್ನೆಲೆ

ವಿಡಿಯೊ ಗೇಮ್‌ಗಳು ಬಹುಕಾಲ ಕೇವಲ ಮನರಂಜನೆಯ ಸಾಧನಗಳೆಂದು ಪರಿಗಣಿತವಾಗಿದ್ದವು. 1997ರಲ್ಲಿ ಪ್ರಕಟವಾದ ಎಸ್ಪೆನ್ ಆರ್ಸೆತ್ ಅವರ ‘ಸೈಬರ್‌ಟೆಕ್ಸ್ಟ್’ ಕೃತಿಯೂ 2001ರಲ್ಲಿ ಆರಂಭವಾದ ‘ಗೇಮ್ ಸ್ಟಡೀಸ್’ ಎಂಬ ವಿದ್ವತ್ಪತ್ರಿಕೆಯೂ ಆಟಗಳ ಅಧ್ಯಯನಕ್ಕೆ ಶಾಸ್ತ್ರದ ರೂಪವನ್ನು ನೀಡಿದವು. ಆಟಗಳು ಇತಿಹಾಸವನ್ನು ನಿರೂಪಿಸುವ ಬಗೆಯನ್ನು ಆಡಮ್ ಚಾಪ್‌ಮನ್ ಅವರ ‘ಡಿಜಿಟಲ್ ಗೇಮ್ಸ್ ಆಸ್ ಹಿಸ್ಟರಿ’ (2016) ಗ್ರಂಥವು ಚರ್ಚಿಸುತ್ತದೆ. ಭಾರತೀಯ ವಿದ್ವಾಂಸ ಸೌವಿಕ್ ಮುಖರ್ಜಿ ಅವರ ‘ವಿಡಿಯೊಗೇಮ್ಸ್ ಆಂಡ್ ಪೋಸ್ಟ್‌ಕಲೋನಿಯಲಿಸಂ’ (2017) ವಸಾಹತುಶಾಹಿಯ ಚಿತ್ರಣವನ್ನು ಆಟಗಳಲ್ಲಿ ಪರಿಶೀಲಿಸುತ್ತದೆ. ಇಂತಹ ಅಧ್ಯಯನಗಳು ಹೆಚ್ಚಿದಂತೆ ಆಟಗಳನ್ನು ಉಲ್ಲೇಖಿಸುವ ನಿಯಮಗಳೂ ಶೈಲಿ ಕೈಪಿಡಿಗಳಲ್ಲಿ ಸ್ಥಾನ ಪಡೆದವು.

ಪ್ರಾಥಮಿಕ ಆಕರವಾಗಿ ಆಟ

ಆಟದ ಕಥೆ, ಪಾತ್ರಚಿತ್ರಣ, ನಿಯಮ, ಸಂಗೀತ ಅಥವಾ ಚಿತ್ರವಿನ್ಯಾಸವನ್ನು ಕುರಿತು ಬರೆಯುವಾಗ ಆಟವೇ ಪ್ರಾಥಮಿಕ ಆಕರ. ಉದಾಹರಣೆಗೆ, ಪುಣೆಯ ನಾಡಿಂಗ್ ಹೆಡ್ಸ್ ಗೇಮ್ಸ್ ಸಂಸ್ಥೆಯು 2020ರಲ್ಲಿ ಹೊರತಂದ ‘ರಾಜಿ: ಆನ್ ಏನ್ಷಿಯಂಟ್ ಎಪಿಕ್’ ಎಂಬ ಆಟದಲ್ಲಿ ದೇವ–ದಾನವರ ಕಲ್ಪನೆ ಹೇಗೆ ಮೂಡಿದೆ ಎಂಬುದು ಪ್ರಬಂಧದ ವಿಷಯವಾದರೆ, ಲೇಖಕನು ಆ ಆಟವನ್ನು ಸ್ವತಃ ಆಡಿ ಅದನ್ನೇ ಉಲ್ಲೇಖಿಸಬೇಕು. ಅಂತರ್ಜಾಲದಲ್ಲಿ ಸಿಗುವ ಸಾರಾಂಶವು ಇಲ್ಲಿ ಸಾಲದು.

ಆಟದ ಬಗ್ಗೆ ಪ್ರಚಲಿತವಾದ ಮಾತುಗಳು ಎಷ್ಟು ದಾರಿ ತಪ್ಪಿಸಬಲ್ಲವು ಎಂಬುದಕ್ಕೆ ‘ಸಿವಿಲೈಸೇಷನ್’ (1991) ಆಟದ ಗಾಂಧಿ ಪಾತ್ರವು ಪ್ರಸಿದ್ಧ ನಿದರ್ಶನ. ತಂತ್ರಾಂಶದ ಲೆಕ್ಕದಲ್ಲಿ ಆದ ದೋಷದಿಂದ ಗಾಂಧಿಯ ಆಕ್ರಮಣಶೀಲತೆಯ ಅಂಕ ಸೊನ್ನೆಗಿಂತ ಕೆಳಗಿಳಿದು 255ಕ್ಕೆ ಏರಿತು, ಆದ್ದರಿಂದಲೇ ಅವರು ಅಣ್ವಸ್ತ್ರ ಪ್ರಯೋಗಿಸುತ್ತಿದ್ದರು ಎಂಬ ಕಥೆ ಅನೇಕ ಬರಹಗಳಲ್ಲಿ ಒಂದರಿಂದೊಂದಕ್ಕೆ ನಕಲಾಗುತ್ತ ಹರಡಿತು. ಆಟದ ವಿನ್ಯಾಸಕಾರ ಸಿಡ್ ಮೈಯರ್ ಅವರು 2020ರಲ್ಲಿ ಪ್ರಕಟವಾದ ತಮ್ಮ ಆತ್ಮಕಥನದಲ್ಲಿ ಅಂತಹ ದೋಷ ಇರಲೇ ಇಲ್ಲವೆಂದು ಸ್ಪಷ್ಟಪಡಿಸಿದರು. ಹತ್ತಾರು ಕಡೆ ಪುನರುಕ್ತವಾದ ಮಾತ್ರಕ್ಕೆ ಹೇಳಿಕೆಯೊಂದು ಆಧಾರವುಳ್ಳದ್ದಾಗುವುದಿಲ್ಲ.

ಇತಿಹಾಸಕ್ಕೆ ಸಾಕ್ಷ್ಯವೆ?

ಆಟದಲ್ಲಿ ಕಾಣುವ ಗತಕಾಲವು ಅದನ್ನು ರಚಿಸಿದವರ ನಿರೂಪಣೆ. ಅದು ಆ ಕಾಲದ ಘಟನೆಗಳಿಗೆ ನೇರ ಸಾಕ್ಷ್ಯವಾಗಲಾರದು. ಚಿತ್ರದುರ್ಗ, ಹಿರಿಯೂರು, ಹೊಸದುರ್ಗ ಮತ್ತು ಹೊಳಲ್ಕೆರೆಯ ವಿದ್ಯಾರ್ಥಿಗಳಿಗೆ ಈ ವ್ಯತ್ಯಾಸವನ್ನು ತಿಳಿಯಲು ದೂರ ಹೋಗಬೇಕಾಗಿಲ್ಲ. ಮೂರು ಸಂದರ್ಭಗಳನ್ನು ಇಲ್ಲಿ ಗಮನಿಸಬಹುದು.

ಮೊದಲನೆಯದು ಮೌರ್ಯರ ಕಾಲ. ‘ಸಿವಿಲೈಸೇಷನ್ 6’ ಆಟದಲ್ಲಿ ಚಂದ್ರಗುಪ್ತ ಮೌರ್ಯನು ಭಾರತದ ನಾಯಕರಲ್ಲೊಬ್ಬ. ಆಟಗಾರನು ಅವನ ಹೆಸರಿನಲ್ಲಿ ರಾಜ್ಯವನ್ನು ಯಾವ ದಿಕ್ಕಿಗಾದರೂ ವಿಸ್ತರಿಸಬಹುದು. ಆದರೆ ಮೌರ್ಯರ ಆಳ್ವಿಕೆ ಈ ಪ್ರದೇಶವನ್ನು ಮುಟ್ಟಿತ್ತು ಎಂದು ಬರೆಯುವವರಿಗೆ ಆಧಾರವಾಗುವುದು ಮೊಳಕಾಲ್ಮೂರು ತಾಲ್ಲೂಕಿನ ಬ್ರಹ್ಮಗಿರಿ, ಸಿದ್ದಾಪುರ ಮತ್ತು ಜಟಿಂಗ ರಾಮೇಶ್ವರಗಳಲ್ಲಿರುವ ಅಶೋಕನ ಶಾಸನಗಳು. ಬಿ. ಎಲ್. ರೈಸ್ ಅವರು 1892ರಲ್ಲಿ ಇವನ್ನು ಬೆಳಕಿಗೆ ತಂದರು.

ಎರಡನೆಯದು ಹದಿನೆಂಟನೆಯ ಶತಮಾನ. 2009ರಲ್ಲಿ ಬಂದ ‘ಎಂಪೈರ್: ಟೋಟಲ್ ವಾರ್’ ಆಟದ ಕಥಾಕಾಲ ಆ ಶತಮಾನವೇ ಆಗಿದ್ದು, ಅದರಲ್ಲಿ ಮರಾಠರೂ ಮೈಸೂರೂ ಇವೆ. ಆಟಗಾರನು ಮರಾಠರ ಪಕ್ಷ ವಹಿಸಿ ಮೈಸೂರನ್ನು ಗೆದ್ದುಕೊಳ್ಳಬಹುದು. ಹತ್ತು ಜನ ಆಡಿದರೆ ಹತ್ತು ಬಗೆಯ ಫಲಿತಾಂಶಗಳು ಬರುತ್ತವೆ. ಇತಿಹಾಸದಲ್ಲಿ ಹೈದರಾಲಿಯು 1779ರಲ್ಲಿ ಚಿತ್ರದುರ್ಗವನ್ನು ವಶಪಡಿಸಿಕೊಂಡು ಮದಕರಿನಾಯಕನ ಆಳ್ವಿಕೆಯನ್ನು ಕೊನೆಗಾಣಿಸಿದನು. ಅದನ್ನು ಬರೆಯುವಾಗ ಶಾಸನಗಳು, ಬಖೈರುಗಳು, ಸಮಕಾಲೀನ ದಾಖಲೆಗಳು ಮತ್ತು ಅವನ್ನು ಆಧರಿಸಿದ ಇತಿಹಾಸಕಾರರ ಗ್ರಂಥಗಳನ್ನು ಅವಲಂಬಿಸಬೇಕು. ಜಿಲ್ಲೆಯ ಶಾಸನಗಳು ‘ಎಪಿಗ್ರಾಫಿಯಾ ಕರ್ನಾಟಿಕಾ’ದ 11ನೆಯ ಸಂಪುಟದಲ್ಲಿ ಸಂಗ್ರಹವಾಗಿವೆ.

ಮೂರನೆಯದು ಹಿರಿಯೂರು ತಾಲ್ಲೂಕಿನ ವಾಣಿವಿಲಾಸ ಸಾಗರ. ‘ಸಿಟೀಸ್: ಸ್ಕೈಲೈನ್ಸ್’ (2015) ಆಟದಲ್ಲಿ ನದಿಗೆ ಅಣೆಕಟ್ಟು ಕಟ್ಟಿ ನೀರು ಹಿಂದಕ್ಕೆ ನಿಲ್ಲುವುದನ್ನು ನೋಡಬಹುದು. ನೀರಿನ ಹರಿವಿನ ಕಲ್ಪನೆಯನ್ನು ತರಗತಿಯಲ್ಲಿ ವಿವರಿಸಲು ಇದು ಉಪಯುಕ್ತ. ಆದರೆ ವೇದಾವತಿ ನದಿಗೆ 1898ರಿಂದ 1907ರ ಅವಧಿಯಲ್ಲಿ ನಿರ್ಮಾಣಗೊಂಡ ಮಾರಿಕಣಿವೆಯ ಅಣೆಕಟ್ಟಿನ ಸಾಮರ್ಥ್ಯ, ಅಚ್ಚುಕಟ್ಟು, ನೀರಿನ ಮಟ್ಟಗಳಿಗೆ ಇಲಾಖೆಯ ದಾಖಲೆಗಳೇ ಆಕರ.

ಒನಕೆ ಓಬವ್ವ: ಜನಪ್ರಿಯ ಮಾಧ್ಯಮದ ನಿದರ್ಶನ

ಆಟಗಳಿಗಿಂತ ಮೊದಲೇ ಕಾದಂಬರಿ ಮತ್ತು ಚಲನಚಿತ್ರಗಳು ಇದೇ ಪ್ರಶ್ನೆಯನ್ನು ಮುಂದಿಟ್ಟಿದ್ದವು. ಕೋಟೆಯ ಕಿಂಡಿಯೊಂದರಲ್ಲಿ ನುಸುಳುತ್ತಿದ್ದ ಹೈದರಾಲಿಯ ಸೈನಿಕರನ್ನು ಒನಕೆಯಿಂದ ಹೊಡೆದುರುಳಿಸಿದ ಓಬವ್ವನ ಕಥನವು ದುರ್ಗದಲ್ಲಿ ಪರಂಪರೆಯಿಂದ ಬಂದದ್ದು. ತ. ರಾ. ಸುಬ್ಬರಾಯರ ಕಾದಂಬರಿಗಳನ್ನು ಆಧರಿಸಿ ಪುಟ್ಟಣ್ಣ ಕಣಗಾಲ್ ಅವರು ನಿರ್ದೇಶಿಸಿದ ‘ನಾಗರಹಾವು’ (1972) ಚಿತ್ರದಲ್ಲಿ, ಆಧುನಿಕ ಕಾಲದ ಕಥೆಯ ನಡುವೆ ಬರುವ ಹಾಡಿನ ದೃಶ್ಯವೊಂದರಲ್ಲಿ ಜಯಂತಿ ಅವರು ಓಬವ್ವನಾಗಿ ಅಭಿನಯಿಸಿದರು. ಕನ್ನಡಿಗರ ಮನಸ್ಸಿನಲ್ಲಿ ಓಬವ್ವನ ರೂಪ ನೆಲೆಗೊಳ್ಳುವುದರಲ್ಲಿ ಆ ದೃಶ್ಯದ ಪಾತ್ರ ದೊಡ್ಡದು. ಕರ್ನಾಟಕ ಸರ್ಕಾರವು 2021ರಿಂದ ನವೆಂಬರ್ 11ರಂದು ಒನಕೆ ಓಬವ್ವ ಜಯಂತಿಯನ್ನು ಆಚರಿಸುತ್ತಿದೆ.

‘ಇಪ್ಪತ್ತನೆಯ ಶತಮಾನದಲ್ಲಿ ಓಬವ್ವನ ಸ್ಮರಣೆ’ ಎಂಬ ಪ್ರಬಂಧಕ್ಕೆ ಈ ಚಿತ್ರವು ಪ್ರಾಥಮಿಕ ಆಕರ, ಅದನ್ನು ಉಲ್ಲೇಖಿಸದಿದ್ದರೆ ಪ್ರಬಂಧವೇ ಅಪೂರ್ಣ. ‘ಹೈದರಾಲಿಯ ಮುತ್ತಿಗೆಯ ಕಾಲದ ಕೋಟೆಯ ರಕ್ಷಣಾ ವ್ಯವಸ್ಥೆ’ ಎಂಬ ಪ್ರಬಂಧಕ್ಕೆ ಅದೇ ದೃಶ್ಯವನ್ನು ಪ್ರಮಾಣವಾಗಿ ಕೊಡುವಂತಿಲ್ಲ. ತ.ರಾ.ಸು. ಅವರ ‘ದುರ್ಗಾಸ್ತಮಾನ’ ಕಾದಂಬರಿಗೆ 1985ರ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಸಂದಿದೆ. ಆ ಗೌರವವು ಅದರ ಸಾಹಿತ್ಯಗುಣಕ್ಕೆ ಸಂದದ್ದು, ಅದರಲ್ಲಿನ ಸಂಭಾಷಣೆಗಳನ್ನು ದಾಖಲೆಯಾಗಿಸುವುದಿಲ್ಲ. ಮುಂದೆ ಓಬವ್ವನನ್ನೇ ನಾಯಕಿಯಾಗಿಸಿ ಆಟವೊಂದು ಬಂದರೂ ಇದೇ ವಿವೇಚನೆ ಅದಕ್ಕೂ ಅನ್ವಯಿಸುತ್ತದೆ. ಒಂದೇ ಆಕರವು ಒಂದು ಪ್ರಶ್ನೆಗೆ ಯೋಗ್ಯ, ಇನ್ನೊಂದಕ್ಕೆ ಅಯೋಗ್ಯವಾಗಬಹುದು. ಅದನ್ನು ತೀರ್ಮಾನಿಸುವುದು ಪ್ರಬಂಧವು ಎತ್ತಿರುವ ಪ್ರಶ್ನೆ.

ಉಲ್ಲೇಖದಲ್ಲಿ ಇರಬೇಕಾದ ವಿವರಗಳು

ಎಪಿಎ ಶೈಲಿಯ 7ನೆಯ ಆವೃತ್ತಿ (2019), ಎಂಎಲ್‌ಎ ಕೈಪಿಡಿಯ 9ನೆಯ ಆವೃತ್ತಿ (2021) ಮತ್ತು ಶಿಕಾಗೊ ಶೈಲಿ ಕೈಪಿಡಿಗಳು ಹೆಚ್ಚು ಬಳಕೆಯಲ್ಲಿವೆ. ವಿವರಗಳ ಅನುಕ್ರಮ ಬೇರೆಬೇರೆಯಾದರೂ ಸಾಮಾನ್ಯವಾಗಿ ಅಪೇಕ್ಷಿತವಾದವು ಇವು:

• ಆಟವನ್ನು ಸಿದ್ಧಪಡಿಸಿದ ಸಂಸ್ಥೆ ಅಥವಾ ವ್ಯಕ್ತಿ
• ಆಟದ ಪೂರ್ಣ ಶೀರ್ಷಿಕೆ
• ಬಿಡುಗಡೆಯಾದ ವರ್ಷ
• ಆವೃತ್ತಿಯ ಸಂಖ್ಯೆ ಮತ್ತು ವಿಸ್ತರಣೆಯಿದ್ದರೆ ಅದರ ಹೆಸರು
• ಆಡಿದ ಸಾಧನ: ಗಣಕಯಂತ್ರ, ಮೊಬೈಲ್ ಅಥವಾ ಕನ್ಸೋಲ್
• ಪ್ರಕಾಶಕ ಸಂಸ್ಥೆ

ಎಪಿಎ ಕ್ರಮವನ್ನು ಅನುಸರಿಸಿ ಕನ್ನಡದಲ್ಲಿ ಹೀಗೆ ಬರೆಯಬಹುದು: ನಾಡಿಂಗ್ ಹೆಡ್ಸ್ ಗೇಮ್ಸ್. (2020). ರಾಜಿ: ಆನ್ ಏನ್ಷಿಯಂಟ್ ಎಪಿಕ್ [ವಿಡಿಯೊ ಗೇಮ್]. ಸೂಪರ್.ಕಾಮ್. ಎಂಎಲ್‌ಎ ಕ್ರಮದಲ್ಲಿ ಆಟದ ಶೀರ್ಷಿಕೆಯೇ ಮೊದಲು ಬರಬಹುದು. ಯಾವ ಶೈಲಿಯನ್ನು ಅನುಸರಿಸಬೇಕೆಂಬುದನ್ನು ವಿಭಾಗ ಅಥವಾ ಮಾರ್ಗದರ್ಶಕರು ನಿಗದಿಪಡಿಸಿರುತ್ತಾರೆ. ಒಂದು ಪ್ರಬಂಧದಲ್ಲಿ ಆದ್ಯಂತ ಒಂದೇ ಶೈಲಿಯಿರಬೇಕು.

ಆವೃತ್ತಿಯ ವಿವರವನ್ನು ಬಿಡುವಂತಿಲ್ಲ. ‘ಸಿವಿಲೈಸೇಷನ್ 6’ ಬಿಡುಗಡೆಯಾದದ್ದು 2016ರಲ್ಲಿ. ಚಂದ್ರಗುಪ್ತನ ಪಾತ್ರ ಸೇರಿದ್ದು 2018ರ ‘ರೈಸ್ ಆಂಡ್ ಫಾಲ್’ ಎಂಬ ವಿಸ್ತರಣೆಯಲ್ಲಿ. 2016ರ ಮೂಲ ಆಟವನ್ನಷ್ಟೇ ನಮೂದಿಸಿ ಚಂದ್ರಗುಪ್ತನ ಚಿತ್ರಣವನ್ನು ಚರ್ಚಿಸಿದರೆ, ಆ ಉಲ್ಲೇಖವನ್ನು ಹಿಡಿದು ಹೊರಟ ಓದುಗನಿಗೆ ಆ ಪಾತ್ರವೇ ಸಿಗುವುದಿಲ್ಲ.

ಪುಸ್ತಕಕ್ಕೆ ಪುಟಸಂಖ್ಯೆ ಇರುವಂತೆ ಆಟಕ್ಕೆ ಇಲ್ಲ. ಆದ್ದರಿಂದ ಅಧ್ಯಾಯ, ಹಂತ, ಕಾರ್ಯಭಾರದ ಹೆಸರು ಅಥವಾ ಸ್ಥಳದ ಹೆಸರಿನ ಮೂಲಕ ದೃಶ್ಯವನ್ನು ಗುರುತಿಸಬೇಕು. ಆಟಗಾರನ ಆಯ್ಕೆಯಿಂದ ಕಥೆ ಬದಲಾಗುವ ಆಟಗಳಲ್ಲಿ ತಾನು ಮಾಡಿದ ಆಯ್ಕೆಯನ್ನೂ ಅಡಿಟಿಪ್ಪಣಿಯಲ್ಲಿ ತಿಳಿಸುವುದು ಯುಕ್ತ. ಬೇರೆಯವರು ಆಡಿದ ಆಟದ ವಿಡಿಯೊವನ್ನು ಯೂಟ್ಯೂಬಿನಲ್ಲಿ ನೋಡಿ ಬರೆದಿದ್ದರೆ ಆ ವಿಡಿಯೊವನ್ನೇ ಉಲ್ಲೇಖಿಸಬೇಕು.

ಆಟದೊಳಗಿನ ಮಾಹಿತಿ

ಕೆಲವು ಆಟಗಳು ಇತಿಹಾಸದ ಟಿಪ್ಪಣಿಗಳನ್ನು ಒಳಗೊಂಡಿರುತ್ತವೆ. ಪ್ರಾಚೀನ ಈಜಿಪ್ಟಿನ ಹಿನ್ನೆಲೆಯ ‘ಅಸ್ಸಾಸಿನ್ಸ್ ಕ್ರೀಡ್ ಒರಿಜಿನ್ಸ್’ ಆಟಕ್ಕೆ 2018ರಲ್ಲಿ ಸೇರಿಸಲಾದ ‘ಡಿಸ್ಕವರಿ ಟೂರ್’ ಯುದ್ಧವಿಲ್ಲದೆ ಊರುಗಳನ್ನು ಸುತ್ತಿ ವಿವರಣೆಗಳನ್ನು ಕೇಳುವ ಅವಕಾಶ ನೀಡುತ್ತದೆ. ಇಂತಹ ಟಿಪ್ಪಣಿಗಳು ವಿಷಯಪ್ರವೇಶಕ್ಕೆ ಸಹಾಯಕ. ಆದರೂ ಅವು ಅನ್ಯ ಆಕರಗಳಿಂದ ಸಂಗ್ರಹಿಸಿದ ಸಾರಾಂಶಗಳು. ಅಲ್ಲಿ ದೊರೆತ ಸಂಗತಿಯನ್ನು ವಿದ್ವತ್ ಗ್ರಂಥದಲ್ಲಿ ಪರಿಶೀಲಿಸಿ, ಆ ಗ್ರಂಥವನ್ನು ಉಲ್ಲೇಖಿಸುವುದು ರೂಢಿ.

ಲಭ್ಯತೆ ಮತ್ತು ಸಂರಕ್ಷಣೆ

ಉಲ್ಲೇಖದ ಉದ್ದೇಶ ಮರುಪರಿಶೀಲನೆ. ಮುದ್ರಿತ ಪುಸ್ತಕವು ಗ್ರಂಥಾಲಯದಲ್ಲಿ ಉಳಿದಿರುತ್ತದೆ. ಆಟವು ಪರಿಷ್ಕರಣೆಗಳಿಂದ ಬದಲಾಗಬಹುದು ಅಥವಾ ಕಣ್ಮರೆಯಾಗಬಹುದು. ಅಮೆರಿಕದಲ್ಲಿ 2010ಕ್ಕಿಂತ ಮೊದಲು ಬಿಡುಗಡೆಯಾದ ಆಟಗಳಲ್ಲಿ ಶೇ. 87ರಷ್ಟು ಮಾರುಕಟ್ಟೆಯಲ್ಲಿ ದೊರೆಯುತ್ತಿಲ್ಲವೆಂದು ವಿಡಿಯೊ ಗೇಮ್ ಹಿಸ್ಟರಿ ಫೌಂಡೇಷನ್ 2023ರಲ್ಲಿ ಪ್ರಕಟಿಸಿದ ಅಧ್ಯಯನವು ತಿಳಿಸಿತು. ಭಾರತದಲ್ಲಿ ಪಬ್‌ಜಿ ಮೊಬೈಲ್ ಆಟವು 2020ರ ಸೆಪ್ಟೆಂಬರಿನಲ್ಲಿ ನಿಷೇಧಕ್ಕೊಳಗಾಯಿತು. ಅದರ ಸ್ಥಾನದಲ್ಲಿ 2021ರಲ್ಲಿ ಬಂದ ಬ್ಯಾಟಲ್‌ಗ್ರೌಂಡ್ಸ್ ಮೊಬೈಲ್ ಇಂಡಿಯಾ 2022ರಲ್ಲಿ ಮೊಬೈಲ್ ಆ್ಯಪ್ ಮಳಿಗೆಗಳಿಂದ ಹೊರಬಿದ್ದು, 2023ರಲ್ಲಿ ಮರಳಿತು.

ಆದಕಾರಣ ವಿದ್ಯಾರ್ಥಿಗಳು ಆಟವಾಡಿದ ದಿನಾಂಕ, ಆವೃತ್ತಿಸಂಖ್ಯೆ ಮತ್ತು ಸಂಬಂಧಪಟ್ಟ ದೃಶ್ಯಗಳ ತೆರೆಚಿತ್ರಗಳನ್ನು ಆಡುವಾಗಲೇ ದಾಖಲಿಸಿಟ್ಟುಕೊಳ್ಳುವುದು ಒಳ್ಳೆಯದು. ವಾದಕ್ಕೆ ಅಗತ್ಯವಾದ ತೆರೆಚಿತ್ರಗಳನ್ನು ಶೀರ್ಷಿಕೆ ಮತ್ತು ಹಕ್ಕುದಾರರ ಹೆಸರಿನೊಂದಿಗೆ ಅನುಬಂಧದಲ್ಲಿ ಸೇರಿಸಿದರೆ, ಆಟವು ಮುಂದೆ ದೊರೆಯದಿದ್ದರೂ ಪರೀಕ್ಷಕರು ಪ್ರಬಂಧದ ವಾದವನ್ನು ಪರಿಶೀಲಿಸಬಹುದು.