ಬೂದು ಸಿಮೆಂಟು, ಬಿಳಿ ಕಾಂಕ್ರೀಟು

ಬೇಸಿಗೆಯ ನಡುಮಧ್ಯಾಹ್ನ ಬರಿಗಾಲಲ್ಲಿ ಡಾಂಬರು ರಸ್ತೆ ದಾಟಿದ್ದೀರಾ? ಹಾಗಿದ್ದರೆ ಈ ಲೇಖನದ ವಿಜ್ಞಾನ ನಿಮ್ಮ ಅಂಗಾಲಿಗೆ ಆಗಲೇ ಗೊತ್ತು. ಹೊಸ ಡಾಂಬರು ತನ್ನ ಮೇಲೆ ಬಿದ್ದ ಬಿಸಿಲಿನಲ್ಲಿ ನೂರಕ್ಕೆ ಸುಮಾರು 5 ಪಾಲನ್ನು ಮಾತ್ರ ಹಿಂದಿರುಗಿಸಿ, ಉಳಿದುದನ್ನು ಹೀರಿ ಕಾಯುತ್ತದೆ. ಹೊಸ ಬೂದು ಕಾಂಕ್ರೀಟು 35ರಿಂದ 40 ಪಾಲನ್ನೂ, ಬಿಳಿ ಸಿಮೆಂಟಿನ ಕಾಂಕ್ರೀಟು ಸುಮಾರು 70 ಪಾಲನ್ನೂ ಮರಳಿಸಬಲ್ಲವು.

ಹಾಗಾದರೆ ಎಲ್ಲ ಕಾಂಕ್ರೀಟೂ ಬಿಳಿಯೇ ಏಕಿಲ್ಲ? 1824ರಲ್ಲಿ ಇಂಗ್ಲೆಂಡಿನ ಲೀಡ್ಸ್‌ನಲ್ಲಿ ಗಾರೆ ಕೆಲಸದ ಜೋಸೆಫ್ ಆಸ್ಪ್‌ಡಿನ್ ತಾನು ತಯಾರಿಸಿದ ಸಿಮೆಂಟಿಗೆ ಪೇಟೆಂಟ್ ಪಡೆದು, 'ಪೋರ್ಟ್‌ಲ್ಯಾಂಡ್' ಎಂದು ಹೆಸರಿಟ್ಟ. ಲಂಡನ್ನಿನ ಸೇಂಟ್ ಪಾಲ್ಸ್ ಚರ್ಚು ಕಟ್ಟಿದ್ದು ಪೋರ್ಟ್‌ಲ್ಯಾಂಡಿನ ಬಿಳಿಗಲ್ಲಿನಿಂದ. ಆ ಕಲ್ಲಿನ ಮರ್ಯಾದೆ ತನ್ನ ಪುಡಿಗೂ ದಕ್ಕಲಿ ಎಂಬ ಆಸೆ ಅವನಿಗಿದ್ದಿರಬೇಕು. ಆದರೆ ಆ ಹೆಸರು ಹೊತ್ತ ಇಂದಿನ ಸಿಮೆಂಟು ಬೂದು ಬಣ್ಣದ್ದೇ.

ಈ ಬೂದಿಗೆ ಮುಖ್ಯ ಕಾರಣ, ಜೇಡಿಮಣ್ಣಿನೊಡನೆ ಬರುವ ಕಬ್ಬಿಣದ ಆಕ್ಸೈಡು. ಬಣ್ಣ ಕೆಡಿಸುವ ಈ ಕಬ್ಬಿಣವೇ ಗೂಡಿನಲ್ಲಿ ಸುಣ್ಣಕಲ್ಲೂ ಜೇಡಿಯೂ ಸುಲಭವಾಗಿ ಬೆಂದು ಕೂಡಲು ನೆರವಾಗುತ್ತದೆ. ಅದನ್ನು ದೂರವಿಟ್ಟರೆ, ಸುಮಾರು 1450 ಡಿಗ್ರಿ ಸೆಲ್ಸಿಯಸ್ ಸಾಕಾಗುತ್ತಿದ್ದ ಗೂಡನ್ನು ಇನ್ನೂ ಕಾಯಿಸಬೇಕು. ಅಂಗಳವನ್ನು ತಂಪಾಗಿಡುವ ಸಿಮೆಂಟಿಗೆ ಕಾರ್ಖಾನೆಯಲ್ಲಿ ಹೆಚ್ಚು ಬೆಂಕಿ! ಬಿಳಿ ಸಿಮೆಂಟು ದುಬಾರಿಯಾದುದಕ್ಕೆ ಇದೂ ಒಂದು ಕಾರಣ.

ಇನ್ನು ಕೊಳೆಯ ಕಾಟ. ಬಿಳಿ ಗೋಡೆ ಮಸಿ ಹಿಡಿದಷ್ಟೂ ಬಿಸಿಲನ್ನು ಹೀರುತ್ತದೆ. ಇದಕ್ಕೆ ಪರಿಹಾರ ಹೊಳೆದದ್ದು ಬೇರೆಯೇ ಒಂದು ಪ್ರಯೋಗದಿಂದ. 1967ರಲ್ಲಿ ಟೋಕಿಯೊ ವಿಶ್ವವಿದ್ಯಾಲಯದ ಸಂಶೋಧನಾ ವಿದ್ಯಾರ್ಥಿ ಅಕಿರಾ ಫುಜಿಶಿಮಾ, ನೀರಿನಲ್ಲಿಟ್ಟ ಟೈಟಾನಿಯಂ ಡೈಆಕ್ಸೈಡಿನ ಮೇಲೆ ಬೆಳಕು ಬಿದ್ದಾಗ ಗುಳ್ಳೆಗಳೇಳುವುದನ್ನು ಕಂಡರು. ನೀರು ಒಡೆಯುತ್ತಿತ್ತು! ಗುರು ಕೆನಿಚಿ ಹೋಂಡಾ ಅವರೊಡನೆ 1972ರಲ್ಲಿ ಇದನ್ನು ಪ್ರಕಟಿಸಿದರು. ಇದೇ ವಸ್ತುವನ್ನು ಬಿಳಿ ಸಿಮೆಂಟಿಗೆ ಬೆರೆಸಿದರೆ, ಬಿಸಿಲಿನ ಅತಿನೇರಳೆ ಕಿರಣಗಳ ಬಲದಿಂದ ಮೇಲ್ಮೈಯ ಸಾವಯವ ಕೊಳೆ ಸಡಿಲವಾಗಿ ಮಳೆಗೆ ತೊಳೆದುಹೋಗುತ್ತದೆ. ರೋಮ್ ನಗರದಂಚಿನಲ್ಲಿ 2003ರಲ್ಲಿ ಪೂರ್ಣಗೊಂಡ ಜುಬಿಲಿ ಚರ್ಚಿನ, ಹಾಯಿಗಳಂತೆ ಬಾಗಿದ ಮೂರು ಬಿಳಿ ಗೋಡೆಗಳನ್ನು ಇಂಥ ಸಿಮೆಂಟಿನಿಂದಲೇ ಕಟ್ಟಿದರು. ವಾಸ್ತುಶಿಲ್ಪಿ ರಿಚರ್ಡ್ ಮೈಯರ್. ಸಿಮೆಂಟು ಇಟಲ್‌ಚೆಮೆಂಟಿ ಸಂಸ್ಥೆಯದು.

ಆದರೆ ನೆಲ ಹಿಂದಿರುಗಿಸಿದ ಬಿಸಿಲು ಎಲ್ಲಿಗೆ ಹೋಗುತ್ತದೆ? (ಅಚ್ಚ ಬಿಳಿ ಅಂಗಿಯ ಅತಿಥಿ ಬಂದರೆ ನಮ್ಮ ಕ್ಯಾಮೆರಾದವರು ಮುಖ ಸಿಂಡರಿಸುವುದೇಕೆಂದು ಬಲ್ಲವರಿಗೆ ಇದು ಅರ್ಥವಾದೀತು.) ಅಮೆರಿಕದ ಫೀನಿಕ್ಸ್ ನಗರ 2020ರಲ್ಲಿ ಕಾಂಕ್ರೀಟಿನ ಬದಲು ಡಾಂಬರು ರಸ್ತೆಗಳಿಗೇ ತಿಳಿಬಣ್ಣದ ಲೇಪ ಬಳಿಯತೊಡಗಿತು. ಅರಿಜೋನಾ ಸ್ಟೇಟ್ ವಿಶ್ವವಿದ್ಯಾಲಯದವರು ಅಳೆದು ನೋಡಿದಾಗ, ಮಧ್ಯಾಹ್ನ ರಸ್ತೆಯ ಮೈ ಸುಮಾರು 6 ಡಿಗ್ರಿ ತಂಪಾಗಿತ್ತು. ಅದೇ ಹೊತ್ತಿನಲ್ಲಿ ಅದರ ಮೇಲೆ ನಿಂತವರ ಮೈಗೆ ತಾಗುವ ವಿಕಿರಣದ ಕಾವು ಮಾತ್ರ ಸುಮಾರು 3 ಡಿಗ್ರಿಯಷ್ಟು ಏರಿತ್ತು.