ಅಂಕೋಲೆಯ ಕರಾವಳಿಯೂ ಹಾಲಕ್ಕಿ ಹಾಡುಗಾರ್ತಿಯರೂ: ಪ್ರಾದೇಶಿಕ ಇತಿಹಾಸದ ಒಂದು ಆಕರವನ್ನು ಕುರಿತು

ಒಂದು ನಾಡಿನ ಚರಿತ್ರೆಯನ್ನು ಬರೆಯಲು ಹೊರಟವರು ಮೊದಲು ಶಾಸನಗಳನ್ನೂ, ಬಳಿಕ ಕಡತಗಳನ್ನೂ ಹುಡುಕುವುದು ವಾಡಿಕೆ. ಉತ್ತರ ಕನ್ನಡದ ಕರಾವಳಿಯ ಮಟ್ಟಿಗೆ ಕಡತಗಳಿಗೆ ಕೊರತೆಯಿಲ್ಲ. 1799ರಲ್ಲಿ ಟಿಪ್ಪುವಿನ ಪತನಾನಂತರ ಈ ಸೀಮೆ ಇಂಗ್ಲಿಷರ ವಶವಾಯಿತು. 1801ರಲ್ಲಿ ಬುಕನನ್ ಈ ದಾರಿಯಾಗಿ ಸಂಚರಿಸಿ ತನ್ನ ದಿನಚರಿಯನ್ನು ಬರೆದನು. 1862ರಲ್ಲಿ ಜಿಲ್ಲೆಯು ಮದರಾಸು ಪ್ರಾಂತದಿಂದ ಮುಂಬಯಿ ಪ್ರಾಂತಕ್ಕೆ ಸೇರಿತು. 1883ರಲ್ಲಿ ಮುಂಬಯಿ ಸರಕಾರದ ಗೆಜೆಟಿಯರಿನ ಕೆನರಾ ಸಂಪುಟ ಹೊರಬಂದಿತು. ಹಾಲಕ್ಕಿ ಒಕ್ಕಲಿಗರ ಉಡಿಗೆ ತೊಡಿಗೆ, ಊಟ, ಮದುವೆ ಇವೆಲ್ಲವೂ ಆ ಸಂಪುಟದಲ್ಲಿ ವರ್ಣಿತವಾಗಿವೆ. ಹೆಂಗಸರ ಕೊರಳಿನ ಮಣಿಸರಗಳು ಹೊರಗಿನವರ ಕಣ್ಣಿಗೆ ಬೇಗನೆ ಬಿದ್ದುವು. ಆ ಕೊರಳಿನಿಂದ ಹೊರಡುವ ಹಾಡನ್ನು ಚರಿತ್ರೆಯ ಆಕರವೆಂದು ಎಣಿಸಿದವರು ಮಾತ್ರ ವಿರಳ. ಈ ಲೋಪವನ್ನು ಕುರಿತು ಕೆಲವು ವಿಚಾರಗಳನ್ನು ಇಲ್ಲಿ ಮಂಡಿಸಬಯಸುತ್ತೇವೆ.

ಹಾಲಕ್ಕಿಗಳು ಕಾರವಾರ, ಅಂಕೋಲಾ, ಕುಮಟಾ, ಹೊನ್ನಾವರ ತಾಲ್ಲೂಕುಗಳಲ್ಲಿ ಬೆಟ್ಟಕ್ಕೂ ಕಡಲಿಗೂ ನಡುವಣ ಕಿರಿದಾದ ನೆಲದಲ್ಲಿ, ಕೊಪ್ಪಗಳೆಂದು ಕರೆಯಲಾಗುವ ಕೇರಿಗಳಲ್ಲಿ ನೆಲೆಸಿದವರು. ಅವರಿಗೆ ಸೀಮೆಗಳ ಕಟ್ಟುಪಾಡುಂಟು. ಗೌಡ, ಬುಧವಂತ, ಕೋಲುಕಾರ ಎಂಬ ಅಧಿಕಾರಿಗಳುಂಟು. ಹೆಸರಿನ ಮೂಲವನ್ನು ಹಾಲಿಗೂ ಅಕ್ಕಿಗೂ ಸಂಬಂಧಿಸಿ ಹೇಳುವವರಿದ್ದಾರೆ. ಆ ಚರ್ಚೆಗೆ ನಾವು ಇಳಿಯುವುದಿಲ್ಲ. ಇಂಥ ವ್ಯುತ್ಪತ್ತಿಗಳಿಂದ ಚರಿತ್ರೆಗೆ ಲಾಭವಾದದ್ದು ಅಷ್ಟಕ್ಕಷ್ಟೆ. ಅವರ ಕಲೆಗಳಲ್ಲಿ ಸುಗ್ಗಿಯ ಕುಣಿತವೂ ಗುಮಟೆಯ ಪಾಂಗವೂ ಗಂಡಸರವು. ಬೀದಿಯಲ್ಲಿ, ತುರಾಯಿ ಧರಿಸಿ ನಡೆಯುವ ಕಲೆಯಾದುದರಿಂದ ಸುಗ್ಗಿಯು ಬೇಗನೆ ಪ್ರಸಿದ್ಧಿಗೆ ಬಂದಿತು. ಹೆಂಗಸರ ಹಾಡಿನ ನೆಲೆಯೇ ಬೇರೆ. ನಾಟಿಯ ಗದ್ದೆ, ಭತ್ತ ಕುಟ್ಟುವ ಒರಳು, ಮದುವೆಯ ಚಪ್ಪರ, ತೊಟ್ಟಿಲು, ಇವು ಅದರ ರಂಗಸ್ಥಳಗಳು. ಅಲ್ಲಿ ಪ್ರೇಕ್ಷಕರೆಂಬವರೇ ಇಲ್ಲ. ಕೇಳುವವರೆಲ್ಲರೂ ದುಡಿಯುವವರು ಅಥವಾ ಮನೆಯವರು. ಆದಕಾರಣವೇ ಇವರನ್ನು ಕಲಾವಿದೆಯರೆಂದು ಕರೆಯಲು ಲೋಕಕ್ಕೆ ತಡವಾಯಿತು.

ಈ ಹಾಡನ್ನು ಅರಿಯಬೇಕಾದರೆ ನೆಲವನ್ನು ಅರಿಯಬೇಕು. ಅಘನಾಶಿನಿಯ ಅಳಿವೆಯಲ್ಲಿ ಗಜನಿ ಎಂಬ ಭೂಮಿಯಿದೆ. ಭರತದ ಉಪ್ಪುನೀರು ಅಲ್ಲಿಗೆ ಏರಿಬರುತ್ತದೆ. ಮಣ್ಣಿನ ಕಟ್ಟೆ ಹಾಕಿ ಅದನ್ನು ತಡೆದು, ಮಳೆಗಾಲದ ಸಿಹಿನೀರಿನಿಂದ ಉಪ್ಪು ತೊಳೆದುಹೋದ ಮೇಲೆ ಮೊಳಕೆ ಬರಿಸಿದ ಕಗ್ಗದ ಬೀಜವನ್ನು ಬಿತ್ತುವರು. ಕಗ್ಗವು ನೆರೆಯನ್ನೂ ಉಪ್ಪನ್ನೂ ತಾಳಿಕೊಳ್ಳಬಲ್ಲ ಎತ್ತರದ ಭತ್ತ. ಕೊಯ್ಲು ಮುಗಿದ ಬಳಿಕ ತೂಬು ತೆರೆದು ಕಡಲನ್ನು ಒಳಕ್ಕೆ ಬಿಟ್ಟರೆ ಮೀನು, ಸಿಗಡಿ ದೊರೆಯುವುವು. ಕಟ್ಟೆಯೊಂದು ಒಡೆದರೆ ಊರಿಗೆ ಊರೇ ಕೂಡಿ ಕಟ್ಟಬೇಕು. 1970ರ ದಶಕದಲ್ಲಿ ಖಾರ್‌ಲ್ಯಾಂಡ್ ಯೋಜನೆಯಂತೆ ಸರಕಾರವು ಕಲ್ಲಿನ ಕಾಯಂ ಕಟ್ಟೆಗಳನ್ನು ಕಟ್ಟಿಸಿತು. ಕೂಡಿ ಕಟ್ಟುವ ಅಗತ್ಯ ಕಡಿಮೆಯಾಯಿತು. ಅನಂತರ ಸಿಗಡಿ ಕೃಷಿಯ ಲಾಭ ಕಂಡಾಗ ಅನೇಕ ಗಜನಿಗಳಲ್ಲಿ ಭತ್ತವೇ ನಿಂತುಹೋಯಿತು. ಬೆಳೆ ನಿಂತರೆ ಕೂಲಿ ನಿಲ್ಲುತ್ತದೆ ಎಂಬುದನ್ನು ವರದಿಗಳು ಬರೆದುಕೊಂಡಾವು. ಹಾಡಿಗೆ ಆಸ್ಪದವಾಗಿದ್ದ ಸಂದರ್ಭವೂ ನಿಲ್ಲುತ್ತದೆ ಎಂಬುದಕ್ಕೆ ವರದಿಯಲ್ಲಿ ಅಂಕಣವಿಲ್ಲ. ಅಕ್ಕಿಯ ಗಿರಣಿ ಬಂದಾಗ ಒರಳಿನ ಹಾಡಿಗೂ ಇದೇ ಗತಿಯಾಯಿತು.

ಅಂಕೋಲೆಯ ಹೆಸರು ದೇಶಕ್ಕೆ ತಿಳಿದದ್ದು 1930ರ ಏಪ್ರಿಲ್ 13ರ ಉಪ್ಪಿನ ಸತ್ಯಾಗ್ರಹದಿಂದ. ಅನಂತರದ ಕರನಿರಾಕರಣೆಯಲ್ಲಿ ರೈತರು ಮನೆ ಹೊಲಗಳನ್ನು ಕಳೆದುಕೊಂಡರು. ಘಟ್ಟದ ಮೇಲಣ ಸಿದ್ದಾಪುರದ ಮಾವಿನಗುಂಡಿಯಲ್ಲಿ, ಜಪ್ತಾದ ಭೂಮಿಯನ್ನು ಕೊಂಡವರ ಮನೆಯ ಮುಂದೆ 1932ರಲ್ಲಿ ಹೆಂಗಸರು ಉಪವಾಸ ಕುಳಿತ ಸಂಗತಿ ಪ್ರಸಿದ್ಧವಾಗಿದೆ. ಹೀಗೆ ಹೋರಾಟದ ಚರಿತ್ರೆಯಲ್ಲಿ ಹೆಂಗಸರಿಗೆ ಸ್ವಲ್ಪವಾದರೂ ಸ್ಥಳ ದೊರೆಯಿತು. ನಿತ್ಯದ ದುಡಿಮೆಯ ಚರಿತ್ರೆಯಲ್ಲಿ ದೊರೆಯಲಿಲ್ಲ.

ಈ ಹಿನ್ನೆಲೆಯಲ್ಲಿ ಬಡಿಗೇರಿಯ ಸುಕ್ರಿ ಬೊಮ್ಮಗೌಡರ ಬಾಳು ಗಮನಾರ್ಹವಾದುದು. ಅಕ್ಷರಾಭ್ಯಾಸವಿಲ್ಲದ ಈಕೆ ತಾಯಿಯಿಂದ ಹಾಡು ಕಲಿತರು. ಎಳೆಯ ವಯಸ್ಸಿನಲ್ಲಿ ಮದುವೆ, ಬೇಗನೆ ವೈಧವ್ಯ. ಸಾಕಿದ ಮಗನನ್ನು ಮದ್ಯವು ಬಲಿ ತೆಗೆದುಕೊಂಡಾಗ ಊರಿನ ಹೆಂಗಸರನ್ನು ಕೂಡಿಸಿಕೊಂಡು ಸಾರಾಯಿಯ ವಿರುದ್ಧ ಹೋರಾಡಿದರು. ಇವರನ್ನು ‘ನಡೆದಾಡುವ ಹಾಡಿನ ಭಂಡಾರ’ವೆಂದು ಹೊಗಳುವುದುಂಟು. ಈ ಹೊಗಳಿಕೆ ನಮಗೆ ಪೂರ್ತಿ ಒಪ್ಪಿಗೆಯಾಗದು. ಭಂಡಾರವು ಇಟ್ಟದ್ದನ್ನು ಇಟ್ಟಂತೆ ಕಾಯುತ್ತದೆ. ಹಾಡುಗಾರ್ತಿಯಾದರೋ ಸಮಯಕ್ಕೆ ತಕ್ಕ ಹಾಡನ್ನು ಆಯುತ್ತಾಳೆ, ಹಿಗ್ಗಿಸುತ್ತಾಳೆ, ಕುಗ್ಗಿಸುತ್ತಾಳೆ. ಹಾಡನ್ನು ಬಲ್ಲವಳ ಸುತ್ತ ಹೆಂಗಸರು ನೆರೆಯುವುದು ಹೊಸತಲ್ಲ. ಸಾರಾಯಿಯ ಹೋರಾಟಕ್ಕೂ ಅದೇ ಬಳಗ ಒದಗಿತೆಂದು ನಮಗೆ ತೋರುತ್ತದೆ. 2017ರಲ್ಲಿ ಅವರಿಗೆ ಪದ್ಮಶ್ರೀ ಸಂದಿತು. 2025ರ ಫೆಬ್ರವರಿ 13ರಂದು ಅವರು ತೀರಿಕೊಂಡರು.

ಹಾಡನ್ನು ಆಕರವಾಗಿ ಬಳಸುವಲ್ಲಿ ತೊಡಕುಗಳಿಲ್ಲದಿಲ್ಲ. ಹಾಡಿಗೆ ತೇದಿಯಿಲ್ಲ. ಒಂದೇ ಹಾಡಿನಲ್ಲಿ ಹಳೆಯ ಪದರವೂ ನಿನ್ನೆಯ ಪದರವೂ ಬೆರೆತಿರುತ್ತವೆ. ಆದ್ದರಿಂದ ‘ಯಾವ ವರ್ಷ’ ಎಂಬ ಪ್ರಶ್ನೆಯನ್ನು ಅದಕ್ಕೆ ಹಾಕಲಾಗದು. ಯಾವ ಬೆಳೆ, ಯಾವ ಕೆಲಸ, ತವರಿನಿಂದ ಗಂಡನ ಮನೆಗೆ ಯಾವ ದಾರಿ, ಯಾರ ಮುಂದೆ ತಲೆ ತಗ್ಗಿಸಬೇಕಿತ್ತು ಎಂಬ ಪ್ರಶ್ನೆಗಳನ್ನು ಹಾಕಬಹುದು. ಗೇಣಿಯ ಲೆಕ್ಕ ಕಡತದಲ್ಲಿದೆ. ಗೇಣಿ ಅಳೆದು ಕೊಟ್ಟ ಮನೆಯ ಒಲೆಯ ಲೆಕ್ಕ ಅಲ್ಲಿಲ್ಲ.

ಕುಮಟೆಯ ಎಲ್. ಆರ್. ಹೆಗಡೆಯವರೂ ಹೊನ್ನಾವರದ ಎನ್. ಆರ್. ನಾಯಕ, ಶಾಂತಿ ನಾಯಕ ದಂಪತಿಗಳೂ ಈ ಜಿಲ್ಲೆಯ ಜನಪದ ಸಾಹಿತ್ಯವನ್ನು ಸಂಗ್ರಹಿಸಿ ದೊಡ್ಡ ಉಪಕಾರ ಮಾಡಿದ್ದಾರೆ. ಕಾರವಾರದ ಆಕಾಶವಾಣಿಯು ಸುಕ್ರಿಯವರ ಕೆಲವು ಹಾಡುಗಳನ್ನು ಧ್ವನಿಮುದ್ರಿಸಿದೆ. ಮುಂದಿನ ಸಂಗ್ರಹಕಾರರು ಹಾಡಿನೊಡನೆ ಹಾಡಿದವಳ ಹೆಸರು, ಅವಳು ಕಲಿತದ್ದು ಯಾರಿಂದ, ಯಾವ ಕೆಲಸದ ನಡುವೆ, ಯಾವ ಗದ್ದೆಯ ಬಳಿ ಎಂಬಿವನ್ನೂ ಗುರುತು ಹಾಕಿಕೊಂಡರೆ ಹಾಡು ಸಾಹಿತ್ಯವಾಗಿಯೂ ಚರಿತ್ರೆಯಾಗಿಯೂ ಒದಗೀತು. ಕಾರವಾರ, ಅಂಕೋಲೆಗಳ ನಡುವಣ ಊರುಗಳಲ್ಲಿ ನೌಕಾನೆಲೆಗಾಗಿ ಒಕ್ಕಲೆದ್ದ ಮನೆತನಗಳಲ್ಲಿ ಈ ಕಾರ್ಯ ಮೊದಲು ನಡೆಯಬೇಕು. ಅವರ ಹಾಡಿನಲ್ಲಿ ಬರುವ ನೆಲ ಈಗ ಬೇಲಿಯೊಳಗಿದೆ.

ನಮ್ಮ ಕೃಷ್ಣಾತೀರಕ್ಕೂ ಈ ಮಾತು ಸಲ್ಲುತ್ತದೆ. ದೇವಸೂಗೂರಿನ ಮಗ್ಗುಲಲ್ಲಿ ವಿದ್ಯುತ್ ಸ್ಥಾವರವೆದ್ದು 1985ರಲ್ಲಿ ಮೊದಲ ಘಟಕ ನಡೆಯತೊಡಗಿದ ಮೇಲೆ ಶಕ್ತಿನಗರವು ಬೆಳೆಯಿತು. ಸ್ಥಾವರದ ಉತ್ಪಾದನೆಗೆ ದಾಖಲೆಗಳಿವೆ. ಅದಕ್ಕೆ ಮುಂಚೆ ಈ ದಡದ ಬೀಸುಕಲ್ಲಿನ ಮುಂದೆ ಕುಳಿತು ಹಾಡಿದವರ ಸೊಸೆಯರೂ ಮೊಮ್ಮಕ್ಕಳೂ ಇಲ್ಲಿಯ ಹಳ್ಳಿಗಳಲ್ಲಿ ಇದ್ದಾರೆ. ಕೇಳಲು ಹೋಗುವುದಾದರೆ ಅವರಿಂದಲೇ ತೊಡಗಬೇಕು.