ಬಹುಮತವನ್ನು ಎಣಿಸಬೇಕಾದ ಸ್ಥಳ



ಶಾಸಕಾಂಗ, ಕಾರ್ಯಾಂಗ, ನ್ಯಾಯಾಂಗಗಳು ಪರಸ್ಪರ ಅಂಕೆಯಲ್ಲಿರಬೇಕೆಂಬ ತತ್ತ್ವವನ್ನು ನಮ್ಮ ಮಕ್ಕಳು ಅಮೆರಿಕದ ಶಾಲೆಗಳಲ್ಲಿ ಕಲಿಯುತ್ತಾರೆ. ಭಾರತದಲ್ಲಿ ಈ ತತ್ತ್ವವು ಗಟ್ಟಿಗೊಂಡುದರಲ್ಲಿ ಕರ್ನಾಟಕದ ಒಂದು ಮೊಕದ್ದಮೆಯ ಪಾಲು ದೊಡ್ಡದು. ಅದನ್ನು ಅವರಿಗೆ ತಿಳಿಸುವ ಹೊಣೆ ನಮ್ಮದು.

1988ರ ಆಗಸ್ಟ್‌ನಲ್ಲಿ ಎಸ್. ಆರ್. ಬೊಮ್ಮಾಯಿಯವರು ಮುಖ್ಯಮಂತ್ರಿಗಳಾದರು. ಮರುವರ್ಷದ ಏಪ್ರಿಲ್‌ನಲ್ಲಿ, ಸರ್ಕಾರಕ್ಕೆ ಬೆಂಬಲ ಹಿಂತೆಗೆದುಕೊಂಡಿರುವುದಾಗಿ 19 ಶಾಸಕರ ಹೆಸರಿನ ಪತ್ರಗಳು ರಾಜ್ಯಪಾಲ ಪಿ. ವೆಂಕಟಸುಬ್ಬಯ್ಯನವರ ಕೈಸೇರಿದವು. ಅವರಲ್ಲಿ 7 ಮಂದಿ, ತಪ್ಪು ತಿಳಿವಳಿಕೆ ನೀಡಿ ತಮ್ಮ ಸಹಿ ಪಡೆಯಲಾಗಿದೆಯೆಂದು ಮರುಪತ್ರ ಬರೆದರು. ಸದನದಲ್ಲಿಯೇ ಬಹುಮತವನ್ನು ಸಾಬೀತುಪಡಿಸಲು ಸಿದ್ಧವೆಂದು ಬೊಮ್ಮಾಯಿಯವರು ತಿಳಿಸಿದರು. ರಾಜಭವನದಿಂದ ವಿಧಾನಸೌಧಕ್ಕೆ ನಡೆದು ಹೋಗುವಷ್ಟೇ ದೂರ. ಆದರೆ ವರದಿ ಹೋದದ್ದು ದೆಹಲಿಗೆ. 1989ರ ಏಪ್ರಿಲ್ 21ರಂದು ಸಂವಿಧಾನದ 356ನೆಯ ವಿಧಿಯನ್ವಯ ರಾಷ್ಟ್ರಪತಿ ಆಳ್ವಿಕೆ ಜಾರಿಯಾಯಿತು, ವಿಧಾನಸಭೆ ವಿಸರ್ಜನೆಗೊಂಡಿತು.

ಕರ್ನಾಟಕ ಉಚ್ಚ ನ್ಯಾಯಾಲಯವು ಬೊಮ್ಮಾಯಿಯವರ ಅರ್ಜಿಯನ್ನು ವಜಾ ಮಾಡಿತು. ಮೇಲ್ಮನವಿಯು ಸರ್ವೋಚ್ಚ ನ್ಯಾಯಾಲಯದ 9 ನ್ಯಾಯಮೂರ್ತಿಗಳ ಪೀಠಕ್ಕೆ ಬಂದು, 1994ರ ಮಾರ್ಚ್ 11ರಂದು ತೀರ್ಪು ಹೊರಬಿದ್ದಿತು. ಇಂತಹ ಘೋಷಣೆಯು ನ್ಯಾಯಾಂಗದ ಪರಿಶೀಲನೆಗೆ ಹೊರತಲ್ಲ. ಸಂಸತ್ತಿನ ಎರಡೂ ಸದನಗಳು ಒಪ್ಪುವವರೆಗೆ ವಿಧಾನಸಭೆಯನ್ನು ವಿಸರ್ಜಿಸುವಂತಿಲ್ಲ. ಸರ್ಕಾರದ ಬಹುಮತವನ್ನು ಪರೀಕ್ಷಿಸಬೇಕಾದ ಸ್ಥಳ ಸದನವೇ ಹೊರತು ರಾಜ್ಯಪಾಲರ ಸ್ವಂತ ಅಭಿಪ್ರಾಯವಲ್ಲ ಎಂದು ನ್ಯಾಯಾಲಯವು ಸಾರಿತು. ಕರ್ನಾಟಕದ ಘೋಷಣೆ ಸಂವಿಧಾನಬಾಹಿರವೆನಿಸಿತು.

ಇಲ್ಲಿ ನಾವು ಗಮನಿಸಬೇಕಾದ ಅಂಶವೊಂದುಂಟು. ಕಾರ್ಯಾಂಗದ ಕೈ ತಡೆದ ನ್ಯಾಯಾಂಗವು ಎಣಿಕೆಯ ಅಧಿಕಾರವನ್ನು ತಾನು ವಹಿಸಿಕೊಳ್ಳಲಿಲ್ಲ. ಅದನ್ನು ಶಾಸಕಾಂಗಕ್ಕೇ ಮರಳಿಸಿತು. ಅಂಗಗಳ ಸಮತೋಲವೆಂದರೆ ಇದೇ.

ಬೊಮ್ಮಾಯಿಯವರಿಗಾದರೋ ಕಳೆದುಕೊಂಡ ಪದವಿ ಮರಳಲಿಲ್ಲ. 5 ವರ್ಷಗಳು ಉರುಳಿದ್ದವು. 1989ರಲ್ಲಿಯೇ ಚುನಾವಣೆ ನಡೆದು ಬೇರೆ ಸರ್ಕಾರ ಬಂದಿತ್ತು. ಫಲ ದೊರೆತದ್ದು ಮುಂದಿನವರಿಗೆ. 2016ರಲ್ಲಿ ರಾಷ್ಟ್ರಪತಿ ಆಳ್ವಿಕೆಗೊಳಗಾದ ಉತ್ತರಾಖಂಡದಲ್ಲಿ, ನ್ಯಾಯಾಲಯದ ಆದೇಶದಂತೆ ಸದನದಲ್ಲಿ ಮತ ಎಣಿಸಿದ ಬಳಿಕ ಪದಚ್ಯುತ ಸರ್ಕಾರ ಮರಳಿ ಬಂದಿತು. 2018ರ ಮೇ ತಿಂಗಳಲ್ಲಿ ಕರ್ನಾಟಕದ ರಾಜ್ಯಪಾಲರು ಹೊಸ ಮುಖ್ಯಮಂತ್ರಿಗೆ 15 ದಿನಗಳ ಅವಧಿ ನೀಡಿದ್ದರೂ, ಮರುದಿನವೇ ಬಹುಮತ ತೋರಿಸಬೇಕೆಂದು ಸರ್ವೋಚ್ಚ ನ್ಯಾಯಾಲಯವು ಆದೇಶಿಸಿತು.

ತಡವಾಗಿ ಬಂದ ತಡೆ ಅನ್ಯಾಯಕ್ಕೊಳಗಾದವರನ್ನು ಕಾಯಲಾರದು. ಆದರೆ ಮುಂದಿನವರಿಗೆ ದಾರಿಯಾಗಬಲ್ಲದು. ನಮ್ಮ ಮಕ್ಕಳು ಸಂವಿಧಾನದ ಪಾಠ ಓದುವಾಗ ಈ ಕಥೆಯನ್ನೂ ಅವರಿಗೆ ಹೇಳೋಣವೆಂದು ಕೋರಿ ನಮ್ಮ ಮಾತನ್ನು ಮುಗಿಸುತ್ತೇವೆ.